ಸೊಪ್ಪು ಕಟ್ಟಿದ ಕೈಯ ಸಾರು

ನಾನು ಮಿರ್ಲೆ ಕಡೆಯವಳು. ಭತ್ತ ಗೊತ್ತು, ಕಬ್ಬು ಗೊತ್ತು. ಹೊಗೆಸೊಪ್ಪು ಮುಟ್ಟಿದ್ದು ತೊಂಬತ್ತರ ದಶಕದ ಕೊನೆಯಲ್ಲಿ, ಪಿರಿಯಾಪಟ್ಟಣದ ಹತ್ತಿರದ ಹಳ್ಳಿಗೆ ಸೊಸೆಯಾಗಿ ಬಂದ ಮೇಲೆ. ಹಸಿ ಸೊಪ್ಪನ್ನು ಕಡ್ಡಿಗೆ ಕಟ್ಟಿ ಬ್ಯಾರನ್ ಎಂಬ ಬಿಸಿಗೂಡಿನಲ್ಲಿ ಬೇಯಿಸಿ ಒಣಗಿಸುವ ಕಾಲದಲ್ಲಿ ಕಟ್ಟುವ ಹೆಂಗಸರಿಗೆ ಬಲು ಡಿಮ್ಯಾಂಡು. ಮಧ್ಯಾಹ್ನದ ಊಟ ಸರಿಯಿಲ್ಲದಿದ್ದರೆ ಅವರು ಜಗಳವಾಡುವುದಿಲ್ಲ, ಮಾರನೆಯ ದಿನ ಪಕ್ಕದ ಬ್ಯಾರನ್ನಿಗೆ ಹೋಗುತ್ತಾರೆ. ಕಿತ್ತ ಸೊಪ್ಪು ನಮ್ಮಲ್ಲೇ ಕೊಳೆಯುತ್ತದೆ.

"ಇವತ್ತು ಸಾರು ನಿಂದು ಕಣವ್ವ," ಎಂದರು ಅತ್ತೆ. ಅಲ್ಲಿಯವರೆಗೆ ನನ್ನನ್ನು ಒಲೆಯ ಹತ್ತಿರ ಬಿಟ್ಟಿರಲಿಲ್ಲ.

ಬೆಳಗ್ಗೆ ಕಟ್ಟಲು ಬಂದಿದ್ದ ಏಳು ಹೆಂಗಸರ ಜೊತೆ ಕೂತು ಮೊದಲ ಸಲ ಸೊಪ್ಪು ಕಟ್ಟಿದೆ. ಕೈತುಂಬ ಕಪ್ಪು ಅಂಟು ಮೆತ್ತಿಕೊಂಡಿತು. ಸೋಪು ಹಾಕಿ ಮೂರು ಸಲ ತೊಳೆದರೂ ಹೋಗಲಿಲ್ಲ. ಒಣಗಿದೆಯಲ್ಲ, ಇನ್ನೇನು ಮಾಡೀತು ಎಂದು ಅಡುಗೆಮನೆಗೆ ಹೋದೆ. ತೊಗರಿಬೇಳೆ, ಬದನೆಕಾಯಿ ಬೇಯಿಸಿ, ಖಾರ ರುಬ್ಬಿ ಹಾಕಿ, ನೆನೆಸಿದ ಹುಣಸೆಹಣ್ಣನ್ನು ಕಿವುಚಿದೆ. ಕಿವುಚುತ್ತ ಕಿವುಚುತ್ತ ಕೈ ಬೆಳ್ಳಗಾಯಿತು. ನನಗೆ ಖುಷಿಯೋ ಖುಷಿ. ಅಂಟು ಎಲ್ಲಿಗೆ ಹೋಯಿತೆಂದು ಯೋಚಿಸುವಷ್ಟು ಬುದ್ಧಿ ಆಗ ಇರಲಿಲ್ಲ. ಬಡಿಸುವ ಮುಂಚೆ ರುಚಿ ನೋಡಿದರೆ ಎಂಜಲು ಎಂದು ತವರಿನಲ್ಲಿ ಕಲಿಸಿದ್ದರು. ನೋಡಲಿಲ್ಲ.

ಏಳು ಹೆಂಗಸರೂ ತೊಟ್ಟಿಯ ಹತ್ತಿರ ಹುಣಸೆ ಹಿಪ್ಪೆ ಹಚ್ಚಿ ಕೈ ಉಜ್ಜಿಕೊಂಡು ಬಂದು ಕೂತರು. ಮೊದಲ ತುತ್ತಿಗೇ ಎಲ್ಲರೂ ಎದ್ದು ಹೋಗಿ ಉಗುಳಿದರು.

"ಇದ್ಯಾಕವ್ವ ಸಾರು ಇಂಗೆ ಕಹಿ ಹೊಡೀತದೆ?" ಎಂದಳು ಅವರಲ್ಲಿ ಹಿರಿಯಳು. ಆಮೇಲೆ ಬೆಳ್ಳಗಾಗಿದ್ದ ನನ್ನ ಕೈ ನೋಡಿದಳು. "ಅಯ್ಯೋ, ಅಂಟೆಲ್ಲ ಸಾರಿಗೆ ಬುಟ್ಟವ್ಳೆ ಕಣ್ರೇ! ಅದು ಹೋಗೋದು ಹುಳೀಗೇಯ."

ಅತ್ತೆ ಸಾರಿನ ಪಾತ್ರೆಯನ್ನು ತಿಪ್ಪೆಗೆ ಸುರಿದು, ಎಲ್ಲರಿಗೂ ಮಜ್ಜಿಗೆ, ಉಪ್ಪಿನಕಾಯಿ ಬಡಿಸಿದರು. ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು.

ಮಾರನೆಯ ಬೆಳಗ್ಗೆ ಹೊಸ ಸೊಪ್ಪು ಗುಡ್ಡೆ ಬಿದ್ದಿತ್ತು. ಅತ್ತೆ ದಾರಿ ನೋಡುತ್ತಿದ್ದರು, ನಾನು ಅತ್ತೆಯ ಮುಖ ನೋಡುತ್ತಿದ್ದೆ. ನಾಚಿಕೆಯಿಂದ ಸತ್ತೇ ಹೋಗುತ್ತೇನೆ ಅನ್ನಿಸಿತ್ತು. ಆದರೆ ಏಳೂ ಜನ ಬಂದರು. ಪ್ರತಿಯೊಬ್ಬಳ ಕೈಯಲ್ಲೂ ಒಂದೊಂದು ಡಬ್ಬಿ.

"ಮುದ್ದೆ ನಿಂದು, ಸಾರು ನಮ್ದು ಕಣವ್ವ," ಎಂದಳು ಹಿರಿಯಳು. "ನೀನು ಕಲಿಯಗಂಟ ಇಂಗೇ ಬತ್ತೀವಿ."

ಮಧ್ಯಾಹ್ನ ಪಕ್ಕದಲ್ಲಿ ಕೂರಿಸಿಕೊಂಡು ಏಳು ಜನರೂ ನನ್ನ ತಟ್ಟೆಗೆ ಒಂದೊಂದು ಸೌಟು ಬಡಿಸಿದರು. ಆ ಊರಿಗೆ ಬಂದ ಮೇಲೆ ನಾನು ಹೊಟ್ಟೆ ತುಂಬ ಉಂಡದ್ದು ಅವತ್ತೇ ಮೊದಲು.