ಎರಡನೇ ಪ್ರತಿವಾದಿಯನ್ನು ನೋಡಲು ಹೋದದ್ದು

ಧಾರವಾಡದ ಸಪ್ತಾಪುರದಲ್ಲಿರುವ ನನ್ನ ಅಂಗಡಿಗೆ ದಿನಕ್ಕೆ ನಲವತ್ತು ಜನ ನೌಕರಿಯ ಅರ್ಜಿ ತುಂಬಿಸಲು ಬರುತ್ತಾರೆ. ಒಬ್ಬರ ಮುಖವೂ ನೆನಪಿರುವುದಿಲ್ಲ. ಸಾವಂತ್ರಿ ಬಡಿಗೇರಳನ್ನು ಮಾತ್ರ ಮರೆಯಲಾರೆ. ಅವಳ ಅರ್ಜಿಗೆ ಅಪ್ಪನ ಜಾತಿ-ಆದಾಯ ಪತ್ರ ಹಚ್ಚಿದವನು ನಾನೇ.

ಹಾಸ್ಟೆಲ್ ವಾರ್ಡನ್ ಕೆಲಸ. ಅವಳ ವರ್ಗದ ಹೆಣ್ಣುಮಕ್ಕಳಿಗೆ ಇದ್ದದ್ದು ಒಂದೇ ಹುದ್ದೆ, ಅವಳ ಅಂಕವೇ ಎಲ್ಲರಿಗಿಂತ ಹೆಚ್ಚು. ಪಟ್ಟಿ ಬಂದಾಗ ನೋಡಿದರೆ ಹೆಸರೇ ಇಲ್ಲ! ಅರ್ಜಿ ಹಾಕುವ ಹನ್ನೊಂದು ದಿನ ಮೊದಲು ಅವಳ ಮದುವೆಯಾಗಿತ್ತಂತೆ. ಮದುವೆಯಾದವಳು ಗಂಡನ ಆದಾಯ ತೋರಿಸಬೇಕಿತ್ತು, ಅಪ್ಪನದು ನಡೆಯುವುದಿಲ್ಲ, ಆದ್ದರಿಂದ ಮೀಸಲಾತಿ ಇಲ್ಲ ಎಂದಿತ್ತು ಇಲಾಖೆ.

"ಮದುವಿ ಆಗೇತಂತ ಒಂದು ಮಾತು ಹೇಳಬಾರದಿತ್ತೇನ ತಂಗಿ?" ಎಂದು ರೇಗಿದೆ.

"ನೀವು ಕೇಳಿದ್ರೇನ್ರಿ ಕಾಡಪ್ಪಣ್ಣಾ? ನನ್ನ ಗಂಡ ಟಂಟಂ ಗಾಡಿ ಹೊಡೀತಾನ. ನಮ್ಮಪ್ಪಗಿಂತ ಕಡಿಮಿ ಗಳಸ್ತಾನ. ಯಾರದು ಹಚ್ಚಿದ್ರೂ ನಾ ಬಡವಿನ ಅಲ್ಲೇನ್ರಿ!"

ಓದು, ಪರೀಕ್ಷೆ ಎಂದು ಮದುವೆಯನ್ನೇ ತಡಮಾಡಿದವಳು ಅವಳು. ಈಗ ವಯಸ್ಸಿನ ಮಿತಿಯೂ ದಾಟಿತ್ತು. ಇದು ಹೋದರೆ ಇನ್ನೊಂದು ಅರ್ಜಿ ಇರಲಿಲ್ಲ. ಕೋರ್ಟಿಗೆ ಹೋದಳು.

"ಆ ಹುದ್ದೆದಾಗ ಕುಂತಾಕಿನ್ನೂ ಪ್ರತಿವಾದಿ ಮಾಡಬೇಕು, ಇಲ್ಲಾಂದ್ರ ಕೇಸ್ ನಿಲ್ಲಂಗಿಲ್ಲ" ಎಂದರು ವಕೀಲರು. ಹಾಗೆ ಇಲಾಖೆ ಒಂದನೇ ಪ್ರತಿವಾದಿ, ಕಸ್ತೂರಿ ಮಡಿವಾಳರ ಎಂಬವಳು ಎರಡನೆಯವಳು. ಹೆಸರು ಓದಿದ್ದೇ ತಡ, ಸಾವಂತ್ರಿಗೆ ಒಂದೇ ಹಟ: "ಆಕಿ ಹ್ಯಾಂಗ ಅದಾಳ, ನೋಡಬೇಕ್ರಿ." ಸುಳ್ಳೇಕೆ ಹೇಳಲಿ, ನನಗೂ ಅದೇ ಕುತೂಹಲ. ಅಂಗಡಿಗೆ ಬೀಗ ಹಾಕಿ ಜೊತೆಗೆ ಹೊರಟೆ.

ನರಗುಂದದ ಹಾಸ್ಟೆಲಿನಲ್ಲಿ ಕಸ್ತೂರಿ ಹುಡುಗಿಯರಿಗೆ ರೊಟ್ಟಿ ಬಡಿಸುತ್ತಿದ್ದಳು. ಇಪ್ಪತ್ತಾರರ ಹುಡುಗಿ. ಸಾವಂತ್ರಿ ಹೆಸರು ಹೇಳಿದೊಡನೆ ಅವಳು ರೊಟ್ಟಿ ಬುಟ್ಟಿ ಕೆಳಗಿಟ್ಟಳು. ಆಮೇಲೆ ಎರಡು ಕುರ್ಚಿ ತಂದಿಟ್ಟಳು.

"ಮೊದಲ ಚಹಾ ಕುಡೀರಿ ಅಕ್ಕಾರ. ಜಗಳಾ ಆಮ್ಯಾಲೆ ಮಾಡೂಣು."

ಸಾವಂತ್ರಿ ಹಾಜರಿ ಪುಸ್ತಕ, ಕೀಲಿ ಗೊಂಚಲು, ಗೋಡೆಯ ವೇಳಾಪಟ್ಟಿ ಎಲ್ಲವನ್ನೂ ಕಣ್ಣಲ್ಲೇ ಮುಟ್ಟಿ ನೋಡಿದಳು. "ನಿಂದು ಮದುವಿ ಆಗಿಲ್ಲೇನ?"

"ನಿಶ್ಚಯ ಆಗೇತ್ರಿ. ಮದುವಿ ಆದ್ರ ಕಾಗದಪತ್ರ ಕೆಡ್ತಾವಂತ ಎಲ್ಲಾರೂ ಹೆದರಿಸಿದ್ರು, ಮುಂದ ಹಾಕಿದ್ವಿ. ಈಗ ನಿಮ್ಮ ಕೇಸ್ ಬಂತು, ಸೋತ್ರ ಮತ್ತ ಅರ್ಜಿ ಹಾಕಬೇಕಲ್ರಿ. ಎರಡು ವರ್ಷ ಆತು, ಆತ ಕಾಯಾಕತ್ತಾನ."

ವಾಪಸು ಬರುವಾಗ ಬಸ್ಸಿನಲ್ಲಿ ಕೇಳಿದೆ, "ಕೇಸ್ ವಾಪಸ್ ತಗೋತೀಯೇನ?"

"ಯಾಕ ತಗೋಲಿ? ಆಕಿ ಚಲೋ ಹುಡುಗಿ, ಖರೆ. ನಾ ಏನ್ ಕೆಟ್ಟಾಕಿ ಏನ್ರಿ? ಆಕಿಗೆ ಇನ್ನೂ ವಯಸ್ಸೈತಿ. ನನಗ ಎಲ್ಲೈತಿ?"



ಹದಿನಾಲ್ಕು ತಿಂಗಳ ಮೇಲೆ ತೀರ್ಪು ಬಂತು. ಮದುವೆಯಾದ ಮೇಲೂ ಹೆಣ್ಣಿಗೆ ತವರಿನ ಆದಾಯವೇ ಲೆಕ್ಕ, ಹುದ್ದೆ ಸಾವಂತ್ರಿಗೆ ಸೇರಬೇಕು. ಅವಳು ಫೇಡೆ ಹಿಡಿದು ಅಂಗಡಿಗೆ ಓಡಿಬಂದಳು. ನಾನಿನ್ನೂ ಬಾಯಿಗೆ ಹಾಕಿಕೊಳ್ಳುತ್ತಿದ್ದೆ, ಅವಳ ಫೋನು ರಿಂಗಾಯಿತು. ಕೈ ಅಂಟಂಟಾಗಿದೆ ಎಂದು ಅದನ್ನು ಮೇಜಿನ ಮೇಲಿಟ್ಟು ಸ್ಪೀಕರ್ ಒತ್ತಿದಳು.

"ಅಕ್ಕಾರ, ನಾ ಕಸ್ತೂರಿ. ಕೀಲಿ, ಪುಸ್ತಕ ಎಲ್ಲಾ ತಯಾರ ಇಟ್ಟೀನಿ, ಬಂದು ತಗೊಳ್ರಿ. ಬರೋ ಸೋಮವಾರ ನನ್ನ ಮದುವಿ. ನೀವೂ ಬರಬೇಕು. ಮತ್ತ ಒಂದು ಕೇಳ್ತೀನ್ರಿ... ಹೊಸಾ ಅರ್ಜಿ ಕರದಾರಂತ. ಮದುವಿ ಆದಮ್ಯಾಲೂ ನಮ್ಮಪ್ಪಂದ ಹಚ್ಚಬಹುದಲ್ರಿ ಈಗ?"

"ಹಚ್ಚವ್ವಾ," ಎಂದಳು ಸಾವಂತ್ರಿ. "ಧೈರ್ಯಲೇ ಹಚ್ಚು. ಇನ್ನ ಯಾರೂ ತಗದು ಒಗ್ಯಂಗಿಲ್ಲ."

ಫೋನು ಇಟ್ಟವಳೇ ಸಾಲಿನಲ್ಲಿ ನಿಂತವರೆದುರೇ ಬಿಕ್ಕಿಬಿಕ್ಕಿ ಅತ್ತಳು.

"ಯಾವ ಮಾರಿ ಹೊತ್ಕೊಂಡು ಆ ಮದುವಿಗೆ ಹೋಗ್ಲಿ, ಹೇಳ್ರಿ ಕಾಡಪ್ಪಣ್ಣಾ?"