ಕಾಫಿ ಕಣದ ಕ್ಯಾಮೆರಾಗೆ ಮೊದಲು ಸಿಕ್ಕಿಬಿದ್ದವನು

ಶನಿವಾರಸಂತೆ ಕಡೆಯ ಒಂದು ಎಸ್ಟೇಟಿನಲ್ಲಿ ನಾನು ರೈಟರ್, ಅಂದರೆ ಲೆಕ್ಕ ಬರೆಯುವವನು. ಕಾಫಿ ಹಣ್ಣು, ಅಂದರೆ ಚೆರ್ರಿ, ಒಣಗಿಸುವ ಕಣವೂ ಗೋಡೌನಿನ ಬೀಗದ ಕೈಯೂ ನನ್ನ ಸುಪರ್ದಿಯಲ್ಲಿ. ಪಕ್ಕದ ತೋಟದಲ್ಲಿ ಕಾಫಿ ಕಳವಾದಾಗ ಎಸ್ಟೇಟಿನ ಮಾಲೀಕರಾದ ಸಾವ್ಕಾರರ ತಲೆ ತಿಂದು ಹೊಸ ಕ್ಯಾಮೆರಾ ಹಾಕಿಸಿದ ಮಹಾನುಭಾವನೂ ನಾನೇ. ಕಳ್ಳ ಕದಿಯುವ ಮೊದಲೇ ಅದು ಹಾವಭಾವ ನೋಡಿ ಗುರುತು ಹಿಡಿದು ಸಾವ್ಕಾರರ ಫೋನಿಗೆ ಹೇಳುತ್ತದೆ ಎಂದು ಅದನ್ನು ನಾನೇ ಕಂಡುಹಿಡಿದವನ ಹಾಗೆ ಕೊಚ್ಚಿಕೊಂಡಿದ್ದೆ.

ಅದು ಗುರುತು ಹಿಡಿದ ಮೊದಲ ಕಳ್ಳನ ತಲೆಯ ಮೇಲೆ, ಫೋನಿನ ಚಿತ್ರದಲ್ಲಿ, ಕೆಂಪು ಚೌಕವಿತ್ತು. ತಲೆ ನನ್ನದು.

ಸಾವ್ಕಾರರು ಫೋನನ್ನು ನನ್ನ ಮೂಗಿಗೆ ಹಿಡಿದರು.

"ಆ ಕಡೆ ಈ ಕಡೆ ಯಾಕೋ ನೋಡ್ದೆ?"

"ಆನೆ ಬಂದಿದ್ಯಾ ಅಂತ."

"ಚೆರ್ರಿ ಕಿವಿ ಹತ್ರ ಯಾಕ್ ಅಲ್ಲಾಡಿಸ್ದೆ?"

"ಒಣಗಿದ್ರೆ ಒಳಗೆ ಬೀಜ ಗಲಗಲ ಅನ್ನುತ್ತಲ್ಲ ಸಾವ್ಕಾರ್ರೆ. ನೀವೇ ಕಲ್ಸಿದ್ದು."

"ಜೇಬಿಗ್ ಹಾಕಿದ್ದು?"

"ನಿಮಗ್ ತೋರ್ಸೋಕೆ."

"ತೋರ್ಸ್ಲಿಲ್ವಲ್ಲ."

"ಮರ್ತೋಯ್ತು." ಸತ್ಯವೇ. ಆದರೆ ನನ್ನ ಕಿವಿಗೇ ಸುಳ್ಳಿನಂತೆ ಕೇಳಿಸಿತು. "ನಾನ್ ಕದ್ದಿಲ್ಲ ಸಾವ್ಕಾರ್ರೆ."

"ಕದ್ದೆ ಅಂತ ಯಾರಂದ್ರು? ಕದೀತೀಯ ಅಂತ ಅದು ಹೇಳ್ತಿದೆ. ಬೀಗದ ಕೈ ಕೊಡಿಲ್ಲಿ."

ಕೊಟ್ಟೆ. ನಾಳೆ ಕದಿಯುವುದಿಲ್ಲ ಎಂಬುದಕ್ಕೆ ಇವತ್ತು ಸಾಕ್ಷಿ ಎಲ್ಲಿಂದ ತರಲಿ? ಬೀಗದ ಕೈ ಇಲ್ಲದ ರೈಟರ್ ಎಂದರೆ ಲೈನ್ ಮನೆಯ ಕೂಲಿಯವರ ಬಾಯಿಗೆ ಹಬ್ಬ. ಮುಂದಿನ ಕುಯ್ಲಿಗೆ ನಾನು ಇರುತ್ತೇನೋ ಇಲ್ಲವೋ ಎಂಬ ಮಾತೂ ಶುರುವಾಯಿತು.

ಸಂಭಾವಿತನಾಗಿ ಕಾಣಲು ಹೊರಟೆ. ಕೈ ಹಿಂದೆ ಕಟ್ಟಿಕೊಂಡು, ಕ್ಯಾಮೆರಾ ನೋಡಿ ನಗುತ್ತಾ ನಡೆದೆ. ಮುಂದೆ ನೋಡದೆ ಚೆರ್ರಿ ರಾಶಿಯ ಮೇಲೆ ಮಕಾಡೆ ಬಿದ್ದೆ. ಎದ್ದಾಗ ಅಂಗಿಯೊಳಗೆಲ್ಲ ಕಾಫಿ. ಸಾವ್ಕಾರರ ಬಂಗಲೆಯಲ್ಲಿ ಫೋನು ಬಡಿದುಕೊಳ್ಳುವುದು ಕಣಕ್ಕೇ ಕೇಳಿಸಿತು.

ಮರುದಿನ ಸಾವ್ಕಾರರೇ ಕಣಕ್ಕೆ ಬಂದರು. ಆನೆಗಾಗಿ ಅತ್ತಿತ್ತ ನೋಡಿದರು, ಬಗ್ಗಿದರು, ಒಂದು ಹಿಡಿ ಎತ್ತಿ ಕಿವಿಯ ಬಳಿ ಅಲ್ಲಾಡಿಸಿದರು. ಅವರ ಜೇಬಿನಲ್ಲೇ ಫೋನು ಕಿರುಚಿತು. ನೋಡಿಕೊಂಡರು. ಕೆಂಪು ಚೌಕ. ನಾನು ನಗು ತಡೆಯಲು ತುಟಿ ಕಚ್ಚಿಕೊಂಡೆ.

"ಇದ್ರಲ್ಲಿ ನನ್ ಮುಖ ಬಿಟ್ಬಿಡೋ ಹಂಗೆ ಮಾಡು" ಎಂದರು.

ಮಾಡಿಕೊಟ್ಟೆ. "ನಂದು ಸಾವ್ಕಾರ್ರೆ?"

"ನಿಂದಿರ್ಲಿ. ನೋಡೋಣ."

ಆಮೇಲೆ ನಾನು ಚೆರ್ರಿ ಮುಟ್ಟುವುದನ್ನೇ ಬಿಟ್ಟೆ. ಒಣಗಿದೆಯೇನೋ ಎಂದು ಅವರು ಕೇಳಿದರೆ, ಕೈಕಟ್ಟಿ ನಿಂತು, "ಕ್ಯಾಮೆರಾನೇ ಕೇಳಿ ಸಾವ್ಕಾರ್ರೆ" ಎನ್ನುತ್ತೇನೆ. ಅವರು ಗೊಣಗುತ್ತಾ ತಾವೇ ಬಗ್ಗುತ್ತಾರೆ. ಕಾಫಿ ಗಲಗಲ ಅನ್ನುವ ಮೊದಲೇ ಅವರ ಜೇಬಿನಲ್ಲಿರುವ ನನ್ನ ಬೀಗದ ಕೈ ಸದ್ದು ಮಾಡುತ್ತದೆ.