ಜ್ವರಕ್ಕೆ ನಕ್ಕವರು

ಕೋವಿಡ್ ಕಳೆದು ಶಾಲೆಗಳು ಮತ್ತೆ ತೆರೆದ ವರ್ಷ ಅದು. ಮಕ್ಕಳ ವಾಹಿನಿಯೊಂದಕ್ಕೆ ಹಾಸ್ಯ ಧಾರಾವಾಹಿ ಬರೆದು, ನಿರ್ಮಿಸಿ ಕೊಡುವುದು ನನ್ನ ಕೆಲಸವಾಗಿತ್ತು. ಬೆಂಗಳೂರಿನ ಸೆಟ್ಟುಗಳು ಸಾಕಾಗಿ, ಹೊಸ ಧಾರಾವಾಹಿಯನ್ನು ನನ್ನೂರು ರಾಯಚೂರಿನಲ್ಲೇ ಮಾಡಲು ಹೊರಟೆ. ಹಿಟ್ಟಿನ ಗಿರಣಿ ನಡೆಸುವ ತಾಯಿ, ಅವಳ ತರಲೆ ಮಗಳು, ಕಥೆ ಇಷ್ಟೇ. ಮಗಳ ಪಾತ್ರಕ್ಕೆ ದೇವದುರ್ಗ ಕಡೆಯ ಅರಕೇರಾದ ಹುಲಿಗೆಮ್ಮ ಸಿಕ್ಕಳು. ಐದನೇ ಕ್ಲಾಸು. ಅವಳು ಬಾಯಿ ತೆರೆದರೆ ನಮ್ಮ ಕ್ಯಾಮೆರಾಮನ್ ನಗು ತಡೆಯಲಾರದೆ ಶಾಟ್ ಕೆಡಿಸುತ್ತಿದ್ದ.

ಮೊದಲ ಕಂತು ಕಳಿಸಿದೆವು. ವಾಹಿನಿಯವರು ಅದಕ್ಕೆ ಲಾಫ್ ಟ್ರ್ಯಾಕ್, ಅಂದರೆ ಮೊದಲೇ ರೆಕಾರ್ಡ್ ಮಾಡಿಟ್ಟ ಜನರ ನಗು, ಸೇರಿಸಿ ವಾಪಸ್ ಕಳಿಸಿದರು. ಗಿರಣಿಯ ಸೆಟ್ಟಿನಲ್ಲೇ ಎಲ್ಲರೂ ಕೂತು ನೋಡಿದೆವು. ಶಾಲೆಯಿಂದ ಬಂದ ಮಗಳು ಮಲಗಿದ್ದ ತಾಯಿಯ ಹಣೆ ಮುಟ್ಟಿ, "ಯವ್ವಾ, ಮೈ ಸುಡಾಕತ್ತದಲ್ಲಬೇ" ಅನ್ನುತ್ತಾಳೆ. ಗೊಳ್ಳೆಂದು ನಗು! ಅಲ್ಲಿ ಜೋಕೇ ಇರಲಿಲ್ಲ.

"ಯಾಕ ನಗಾಕತ್ತಾರ್ರಿ ಮೇಡಂ?" ಹುಲಿಗೆಮ್ಮ ಕೇಳಿದಳು. "ನಾ ಏನರ ತಪ್ಪು ಮಾತಾಡೀನೇನ್ರಿ?"

ವಾಹಿನಿಯ ಅಧಿಕಾರಿಗೆ ಫೋನ್ ಹಚ್ಚಿ, ಅಲ್ಲಿ ಜೋಕ್ ಎಲ್ಲಿದೆ ಎಂದು ಕೇಳಿದೆ.

"ಆ ಭಾಷೆನೇ ಜೋಕ್ ಅಲ್ವಾ ಮೇಡಂ!" ಎಂದು ನಕ್ಕರು. ಮಕ್ಕಳ ಕಾರ್ಯಕ್ರಮಗಳೆಲ್ಲ ಇಂಥವರ ಕೈಯಲ್ಲಿದ್ದವು. ಥೂ!

ಮರುದಿನ ಹುಲಿಗೆಮ್ಮ ಕ್ಯಾಮೆರಾ ಮುಂದೆ ಪಾಠ ಒಪ್ಪಿಸುವವಳಂತೆ ನಿಂತು, "ತಾಯಿ, ನಾನು ಅಂಗಡಿಗೆ ಹೋಗಿ ಬರುತ್ತೇನೆ" ಎಂದಳು. ಟೇಕ್ ಮೇಲೆ ಟೇಕ್, ಅದೇ ಕಟ್ಟಿಗೆಯಂಥ ದನಿ.

"ನಿನ್ನ ಮಾತಿನ್ಯಾಗ ಹೇಳವ್ವಾ" ಎಂದೆ.

"ಒಲ್ಲೆರೀ. ನಗ್ತಾರ."

ಹಾಸ್ಯ ಧಾರಾವಾಹಿಯ ನಾಯಕಿ ಜನ ನಗುತ್ತಾರೆಂದು ಹೆದರಿದ್ದಳು. ಹೀಗೇ ಬಿಟ್ಟರೆ ಹುಡುಗಿಯ ಮಾತೇ ಸತ್ತುಹೋಗುತ್ತದೆ ಅನ್ನಿಸಿತು. ಆ ನಗು ತೆಗೆಯಿರಿ ಎಂದು ವಾಹಿನಿಗೆ ಹೇಳಿದೆ. ಹಾಗಾದರೆ ಬೆಂಗಳೂರಿನ ಮಗುವಿನ ದನಿ ಡಬ್ ಮಾಡುತ್ತೇವೆ ಎಂದರು. ಧಾರಾವಾಹಿಯನ್ನೇ ವಾಪಸ್ ಪಡೆದೆ.

ನಮ್ಮ ಕಂತನ್ನು ಮಾನ್ವಿಯ ಶಾಲೆಯೊಂದರಲ್ಲಿ ಪರದೆ ಕಟ್ಟಿ ತೋರಿಸಿದೆವು, ಆ ನಗು ಇಲ್ಲದೆ. ಹುಲಿಗೆಮ್ಮನನ್ನು ರಮಿಸಿ ಕರೆತಂದಿದ್ದೆ. ಜ್ವರದ ದೃಶ್ಯ ಬಂದಾಗ ಎರಡೂ ಕಿವಿ ಮುಚ್ಚಿಕೊಂಡಳು. ಯಾರೂ ನಗಲಿಲ್ಲ. ಕುರ್ಡಿಯಿಂದ ಬಂದಿದ್ದ ಮುದುಕಿಯೊಬ್ಬಳು ಮಾತ್ರ ಪರದೆಯ ಹುಡುಗಿಯನ್ನೇ ಗದರಿದಳು: "ಹಣಿಮ್ಯಾಗ ಹಸಿ ಅರಿವಿ ಹಾಕಬೇ, ಸುಮ್ನ ನಿಂತೀಯಲ್ಲ!"

ಹುಲಿಗೆಮ್ಮ ಕಿವಿಯಿಂದ ಕೈ ತೆಗೆದು, ಬೆಂಚಿನ ಮೇಲೆ ಎದ್ದು ನಿಂತು ಕೂಗಿದಳು: "ಹಾಕೀನಿ ತಡಿಬೇ ಯಮ್ಮಾ, ಮುಂದ ಬರ್ತದ!"

ಇಡೀ ಶಾಲೆ ನಕ್ಕಿತು. ಅವಳೂ ನಕ್ಕಳು.

ಲಾಫ್ ಟ್ರ್ಯಾಕ್ ಇರುವ ಕೆಲಸವನ್ನು ಆಮೇಲೆ ನಾನು ಒಪ್ಪಿಲ್ಲ. ಎಲ್ಲಿ ನಗಬೇಕೆಂದು ಮಕ್ಕಳಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಯಾರನ್ನು ನೋಡಿ ನಗಬೇಕೆಂದು ಹೇಳಿಕೊಡುವವರು ಮಾತ್ರ ನಮ್ಮ ವೃತ್ತಿಯಲ್ಲಿ ಬೇಕಾದಷ್ಟಿದ್ದಾರೆ.